ಜೆಕ್ ಸಿನಿಮಾಗಳಲ್ಲಿ ಪದೇ ಪದೇ ಕಾಣುವ ಈ ಮುಖ ಯಾರದು?

ಸಂಜೆಯಾಟ:
ಎಲ್ಲರಿಗೂ ನಮಸ್ಕಾರ. ಎರಡು ವಾರದಿಂದ ಒಬ್ಬ ನಟನ ಮುಖ ತಲೆಯಿಂದ ಹೋಗುತ್ತಲೇ ಇಲ್ಲ. ಇಲ್ಲಿ ಗೊತ್ತಿರುವವರು ಇರಬಹುದು ಅಂತ ಕೇಳುತ್ತಿದ್ದೇನೆ.

ಮೊದಲು ಮಗಳ ಜೊತೆ 1973ರ ಜೆಕ್ ಸಿಂಡರೆಲ್ಲಾ ನೋಡಿದೆ. ಅದರಲ್ಲಿ ವಿಂತ್ಸೆಕ್ ಅಂತ ಒಬ್ಬ ಆಳು. ಪೇಟೆಗೆ ಹೊರಟವನಿಗೆ ಹುಡುಗಿ ಹೇಳುತ್ತಾಳೆ, ದಾರಿಯಲ್ಲಿ ನಿನ್ನ ಮೂಗಿಗೆ ಏನು ಬಡಿಯುತ್ತೋ ಅದನ್ನೇ ನನಗೆ ತಂದುಕೊಡು ಅಂತ. ವಾಪಸ್ ಬರುವಾಗ ಹಿಮದ ಬಂಡಿಯಲ್ಲಿ ಅವನು ತೂಕಡಿಸುತ್ತಿರುತ್ತಾನೆ. ರಾಜಕುಮಾರ ಮರದ ಮೇಲಿನ ಗೂಡಿಗೆ ಬಾಣ ಬಿಡುತ್ತಾನೆ. ಗೂಡು ಸೀದಾ ಇವನ ಮೇಲೆ ಬೀಳುತ್ತದೆ. ಒಳಗೆ ಮೂರು ಕಾಯಿ. ಅಷ್ಟೇ ಅವನ ಕೆಲಸ. ಆದರೆ ಮಗಳು ಸಿನಿಮಾ ಮುಗಿದ ಮೇಲೂ ಅವನ ಬಗ್ಗೆಯೇ ಕೇಳುತ್ತಿದ್ದಳು.

ಮುಂದಿನ ವಾರ 'ಮಾರ್ಕೇತಾ ಲಾಜಾರೋವಾ' ಹಾಕಿದೆ. ಅಲ್ಲಿ ಕುರಿಯೊಂದನ್ನು ಜೊತೆಗಿಟ್ಟುಕೊಂಡು ಹಿಮದಲ್ಲಿ, ಕೆಸರಿನಲ್ಲಿ ಅಲೆಯುವ ಸನ್ಯಾಸಿ ಬರುತ್ತಾನೆ. ಅದೇ ಮುಖ! ಆಮೇಲೆ ಮಿಲೋಶ್ ಫೋರ್ಮನ್ ಅವರ 'ಹೊಂಬಣ್ಣದ ಕೂದಲಿನ ಹುಡುಗಿಯ ಪ್ರೇಮ'. ಅಲ್ಲಿ ಹುಡುಗಿಯರ ಹಿಂದೆ ಬೀಳುವ ಮದುವೆಯಾದ ಸೈನಿಕ. ಮತ್ತೆ ಅದೇ ಮುಖ.

ಒಬ್ಬನೇ ಮನುಷ್ಯ, ಮೂರು ಜನ್ಮ ಎತ್ತಿದ ಹಾಗಿದೆ. ಯಾರಿವರು? ಹಾಸ್ಯನಟರಾ? ಇವರ ಬೇರೆ ಯಾವ ಸಿನಿಮಾ ನೋಡಬೇಕು?

ಒಂದೇ ಮಾತು:
ವ್ಲಾದಿಮೀರ್ ಮೆನ್ಸಿಕ್.

ಬ್ರನೋ ಕನ್ನಡತಿ:
ಮೆನ್ಸಿಕ್ ಅಲ್ಲ, ಮೆನ್ಶೀಕ್. ಶ ಬರಬೇಕು, ಶೀ ದೀರ್ಘ ಆಗಬೇಕು. ಜೆಕ್ ಭಾಷೆಯಲ್ಲೂ ನಮ್ಮ ಹಾಗೆ ಹ್ರಸ್ವ ದೀರ್ಘದ ವ್ಯತ್ಯಾಸ ಇದೆ. ಕನ್ನಡದವರು ಸುಲಭವಾಗಿ ಸರಿಯಾಗಿ ಬರೆಯಬಹುದು. ಹಾಗಾಗಿ ಹೇಳಿದೆ, ಬೇಜಾರು ಬೇಡ.

ನಾನು ಜೆಕ್ ದೇಶದ ಬ್ರನೋ ಊರಲ್ಲಿ ಆರು ವರ್ಷದಿಂದ ಇದ್ದೇನೆ. ಮೆನ್ಶೀಕ್ ಹುಟ್ಟಿದ್ದು ಇಲ್ಲೇ ಪಕ್ಕದ ಇವಾಂಚಿತ್ಸೆ ಅನ್ನುವ ಸಣ್ಣ ಊರಲ್ಲಿ, 1929ರ ಅಕ್ಟೋಬರ್ 9ರಂದು. ಚಿತ್ರಕಾರ ಆಲ್ಫೋನ್ಸ್ ಮುಖಾ ಹುಟ್ಟಿದ್ದೂ ಅದೇ ಊರಲ್ಲಿ. ಮೆನ್ಶೀಕ್ ನಟನೆ ಕಲಿತದ್ದು ಬ್ರನೋದ ಯಾನಾಚೆಕ್ ಅಕಾಡೆಮಿಯಲ್ಲಿ. ತೀರಿಕೊಂಡದ್ದೂ ಬ್ರನೋದಲ್ಲೇ, 1988ರ ಮೇ 29ರಂದು. 58 ವರ್ಷ ಅಷ್ಟೇ. ಆಸ್ತಮಾ ಇತ್ತು ಅವರಿಗೆ.

ಇಲ್ಲಿನವರ ಹತ್ತಿರ ಮೆನ್ಶೀಕ್ ಹೆಸರು ಎತ್ತಿ ನೋಡಿ. ಮೊದಲು ನಗುತ್ತಾರೆ, ಆಮೇಲೆ 'ನಮ್ಮ ಕಡೆಯವರು' ಅನ್ನುತ್ತಾರೆ. ಈ ಕಡೆಯ ಪ್ರಾಂತ್ಯ ಮೊರಾವಿಯಾ, ಇಲ್ಲಿನವರಿಗೆ ರಾಜಧಾನಿ ಪ್ರಾಗ್ ಬೇರೆ, ತಾವು ಬೇರೆ. ಮೆನ್ಶೀಕ್ ಮಾತಿನ ಧಾಟಿಯಲ್ಲಿ ಈ ಕಡೆಯ ಮಣ್ಣಿನ ವಾಸನೆ ಇದೆ ಅಂತ ನನ್ನ ಜೊತೆ ಕೆಲಸ ಮಾಡುವವರು ಹೇಳುತ್ತಾರೆ. ನನಗೆ ಅದು ಕೇಳಿ ತಿಳಿಯಕ್ಕೆ ಮೂರು ವರ್ಷ ಹಿಡಿಯಿತು.

ಹಳೇ ಪರದೆ:
ಸಂಜೆಯಾಟ ಅವರೇ, ಒಳ್ಳೆ ಪ್ರಶ್ನೆ ಕೇಳಿದ್ದೀರಿ. ಫಿಲ್ಮ್ ಸೊಸೈಟಿ ದಿನಗಳಿಂದ ಜೆಕ್ ಸಿನಿಮಾ ನೋಡಿಕೊಂಡು ಬಂದವನು ನಾನು. ನಾವೆಲ್ಲ ಫೋರ್ಮನ್, ಮೆಂಜೆಲ್, ಖಿತಿಲೋವಾ ಅಂತ ನಿರ್ದೇಶಕರ ಹೆಸರನ್ನೇ ಬಾಯಿಪಾಠ ಮಾಡಿದೆವು. ಪರದೆ ಮೇಲೆ ಇದ್ದವರ ಹೆಸರು ಯಾರೂ ಕೇಳಲಿಲ್ಲ. ಅದು ತಪ್ಪು ಅಂತ ಈಗ ಅನ್ನಿಸುತ್ತದೆ.

ಮೆನ್ಶೀಕ್ ಓದು ಮುಗಿಸಿ ಪ್ರಾಗ್‌ಗೆ ಬಂದರು. ಎಮಿಲ್ ಫ್ರಾಂತಿಶೆಕ್ ಬುರಿಯಾನ್ ಅವರ ನಾಟಕ ತಂಡದಲ್ಲಿ ಇದ್ದರು. 1950ರ ದಶಕದ ಕೊನೆಗೆ ಬಾರಾಂದೋವ್ ಸ್ಟುಡಿಯೋ ಸೇರಿದರು. ಅಲ್ಲಿಂದ ಸಾಯುವವರೆಗೆ ನಿಲ್ಲಲೇ ಇಲ್ಲ. 120ಕ್ಕೂ ಹೆಚ್ಚು ಸಿನಿಮಾ, ಅದರ ಮೇಲೆ ಟೀವಿ.

ಇಷ್ಟೊಂದು ಹೇಗೆ ಅಂತ ಕೇಳಬಹುದು. ಅಲ್ಲಿ 1945ರಲ್ಲೇ ಸಿನಿಮಾ ಉದ್ಯಮ ಸರ್ಕಾರದ ಕೈಗೆ ಬಂತು. ಬಾರಾಂದೋವ್‌ನಲ್ಲಿ ನಟರು ಸಂಬಳಕ್ಕೆ ಇರುತ್ತಿದ್ದರು, ಕಾರ್ಖಾನೆಯ ಕೆಲಸಗಾರರ ಹಾಗೆ. ಇವತ್ತು ಮಕ್ಕಳ ಕಥೆ, ನಾಳೆ ಪತ್ತೇದಾರಿ, ನಾಡಿದ್ದು ಮಧ್ಯಯುಗದ ಸನ್ಯಾಸಿ. ಸುಮಾರು ಒಂದು ಕೋಟಿ ಜನ ಮಾತಾಡುವ ಭಾಷೆ, ಒಂದು ದೊಡ್ಡ ಸ್ಟುಡಿಯೋ. ಅದೇ ಮುಖಗಳು ತಿರುಗಿ ತಿರುಗಿ ಬರುತ್ತವೆ. ಮೆನ್ಶೀಕ್, ಯಿರ್ಜೀ ಸೋವಾಕ್, ವ್ಲಾಸ್ತಿಮಿಲ್ ಬ್ರೋಡ್ಸ್ಕೀ, ಯೋಸೆಫ್ ಕೆಮ್ರ್, ರುಡೋಲ್ಫ್ ಹ್ರುಶೀನ್ಸ್ಕೀ. ಹತ್ತು ಸಿನಿಮಾ ನೋಡಿದರೆ ಇವರೆಲ್ಲ ನಿಮ್ಮ ಬೀದಿಯವರೇ ಆಗಿಬಿಡುತ್ತಾರೆ.

ಹಾಸ್ಯನಟರಾ ಅಂತ ಕೇಳಿದ್ದೀರಿ. ಅಲ್ಲಿನ ಜನಸಾಮಾನ್ಯರಿಗೆ ಹೌದು. ನನ್ನ ಮಟ್ಟಿಗೆ ಅಲ್ಲ. ನಗಿಸುವ ಶಕ್ತಿ ಇದ್ದ ಗಂಭೀರ ನಟ.

ಮಲ್ನಾಡ್ ಮಳೆ:
ಸ್ಮಶಾನದಲ್ಲಿ ಹೆಣ ಸುಡುವವನ ಕಥೆ ಇದೆಯಲ್ಲ, ಕಪ್ಪು ಬಿಳುಪು. ಅದರಲ್ಲಿ ಬಾಚಣಿಗೆ ಹಿಡಿದ ದುಂಡು ಮುಖದ ಮನುಷ್ಯ ಇವರೇ ಅಲ್ವಾ? ಆ ಸಿನಿಮಾ ನೋಡಿ ಎರಡು ರಾತ್ರಿ ನಿದ್ದೆ ಬರಲಿಲ್ಲ.

ಹಳೇ ಪರದೆ:
ಅಲ್ಲ ಮಾರಾಯರೇ. ಅದು ರುಡೋಲ್ಫ್ ಹ್ರುಶೀನ್ಸ್ಕೀ. ಯುರಾಯ್ ಹೆರ್ತ್ಸ್ ನಿರ್ದೇಶನ, 1969. ಲಾದಿಸ್ಲಾವ್ ಫುಕ್ಸ್ ಅವರ ಕಾದಂಬರಿ. ಹೆಣದ ತಲೆ ಬಾಚಿ, ಅದೇ ಬಾಚಣಿಗೆಯಲ್ಲಿ ತನ್ನ ತಲೆಯನ್ನೂ ಬಾಚಿಕೊಳ್ಳುತ್ತಾನಲ್ಲ, ಆ ಒಂದು ಕೆಲಸದಲ್ಲೇ ಇಡೀ ಮನುಷ್ಯ ಗೊತ್ತಾಗುತ್ತಾನೆ. ದನಿ ಏರಿಸುವುದೇ ಇಲ್ಲ. ಮೆತ್ತಗೆ, ಜೋಗುಳ ಹಾಡುವ ಹಾಗೆ ಮಾತಾಡಿಕೊಂಡೇ ನಾಜಿಗಳ ಜೊತೆ ಸೇರಿ ಕೊಲೆಗೆ ಇಳಿಯುತ್ತಾನೆ.

ಅದೇ ಹ್ರುಶೀನ್ಸ್ಕೀ 1950ರ ದಶಕದಲ್ಲಿ ಶ್ವೇಕ್ ಆಗಿದ್ದವರು, ಜೆಕ್ ಕಾದಂಬರಿಯ ಆ ಪ್ರಸಿದ್ಧ ಪೆದ್ದು ಸೈನಿಕ. 1985ರ ಮೆಂಜೆಲ್ ಸಿನಿಮಾದಲ್ಲಿ ಹಳ್ಳಿಯ ಡಾಕ್ಟರ್. ಕಾರು ಓಡಿಸುತ್ತಾ ಹೊರಗಿನ ಹೊಲ ಗದ್ದೆ ನೋಡಿ ಮೈಮರೆತು ಪದ್ಯ ಹೇಳುವ ಡಾಕ್ಟರ್.

ಮಲ್ನಾಡ್ ಮಳೆ:
ಓಹೋ ಆ ಡಾಕ್ಟರ್ರಾ! ಇಬ್ಬರೂ ಒಬ್ಬರೇ ಅಂತ ಈಗ ಗೊತ್ತಾಯಿತು. ನಂಬಕ್ಕೆ ಆಗುತ್ತಿಲ್ಲ.

ರಂಗದ ಹಿಂದೆ:
ನಾನು ಹವ್ಯಾಸಿ ರಂಗಭೂಮಿಯವನು. ಇಪ್ಪತ್ತು ವರ್ಷದಿಂದ ಸಣ್ಣ ಪಾತ್ರಗಳನ್ನೇ ಮಾಡುತ್ತಾ ಬಂದವನು. ಹಾಗಾಗಿ ಇಲ್ಲಿ ನಾಲ್ಕು ಮಾತು ಜಾಸ್ತಿ ಬರೆದರೆ ಸಹಿಸಿಕೊಳ್ಳಿ.

ಫೋರ್ಮನ್ ಸಿನಿಮಾದ ಆ ಡ್ಯಾನ್ಸ್ ದೃಶ್ಯವನ್ನು ನಾನು ಎಷ್ಟು ಸಲ ನೋಡಿದ್ದೇನೋ ಲೆಕ್ಕ ಇಲ್ಲ. ಹಿನ್ನೆಲೆ ಗೊತ್ತಿಲ್ಲದವರಿಗೆ: ಚಪ್ಪಲಿ ಕಾರ್ಖಾನೆಯ ಊರು. ಹುಡುಗಿಯರು ಜಾಸ್ತಿ, ಗಂಡಸರು ಕಮ್ಮಿ. ಅದಕ್ಕೆ ಮೇಲಿನವರು ಸೇನೆಯ ತುಕಡಿಯೊಂದನ್ನು ಅಲ್ಲಿಗೆ ಕರೆಸುತ್ತಾರೆ. ಹುಡುಗಿಯರು ಹುಡುಗರು ಬರುತ್ತಾರೆ ಅಂತ ಕಾದರೆ, ರೈಲಿಂದ ಇಳಿಯುವವರು ಹೊಟ್ಟೆ ಬಂದ ಮಧ್ಯವಯಸ್ಸಿನ ಗೃಹಸ್ಥರು. ಅವರಲ್ಲಿ ಮೂವರು ಒಂದು ಮೇಜಿನಲ್ಲಿ ಕೂತು ಎದುರಿನ ಮೂರು ಹುಡುಗಿಯರಿಗೆ ವೈನ್ ಬಾಟಲಿ ಕಳಿಸುತ್ತಾರೆ. ವೇಟರ್ ಅದನ್ನು ಬೇರೆ ಮೇಜಿಗೆ ಕೊಟ್ಟುಬಿಡುತ್ತಾನೆ. ಈಗ ಏನು ಮಾಡಬೇಕು? ವಾಪಸ್ ಕೇಳುವುದಾ, ಬಿಡುವುದಾ?

ಆಗ ಮೆನ್ಶೀಕ್ ಮುಖ ನೋಡಿ. ಅವನೇ ಆ ಮೂವರಲ್ಲಿ ಧೈರ್ಯ ತುಂಬುವವನು. ಬಾಯಲ್ಲಿ ಧೈರ್ಯ, ಕಣ್ಣಲ್ಲಿ ಭಯ. ತಗ್ಗಿದ ದನಿಯಲ್ಲಿ ಪಕ್ಕದವರಿಗೆ ಉಪಾಯ ಹೇಳುತ್ತಾನೆ. ಆದರೆ ಕಣ್ಣು ಹುಡುಗಿಯರ ಮೇಜಿನಿಂದ ಕದಲುವುದಿಲ್ಲ. ನಡುವೆ ಮೂವರಲ್ಲಿ ಒಬ್ಬನ ಮದುವೆ ಉಂಗುರ ಬೆರಳಿಂದ ಜಾರಿ ನೆಲದ ಮೇಲೆ ಉರುಳಿಕೊಂಡು ಹೋಗುತ್ತದೆ.

ಈ ಸಿನಿಮಾದಲ್ಲಿ ಬಹುಪಾಲು ಜನ ನಟರೇ ಅಲ್ಲ. ಹುಡುಗನ ಅಪ್ಪ ಅಮ್ಮ ಆದವರೂ ಅಲ್ಲ. ಕಸುಬಿನ ನಟರು ಅಂದರೆ ಮೆನ್ಶೀಕ್, ವ್ಲಾದಿಮೀರ್ ಪುಖೋಲ್ತ್, ಹೀಗೆ ಕೆಲವರು. ಕಸುಬಿನವರನ್ನೂ ಹೊಸಬರನ್ನೂ ಬೆರೆಸುವುದು ಫೋರ್ಮನ್ ಪದ್ಧತಿ. ಕಸುಬಿನವನು ದೃಶ್ಯದ ಲಯ ಹಿಡಿದಿಟ್ಟುಕೊಳ್ಳಬೇಕು, ಆದರೆ ಪಕ್ಕದ ಹೊಸಬನ ಮುಂದೆ ನಾಟಕ ಆಡುತ್ತಿದ್ದಾನೆ ಅಂತ ಕಾಣಬಾರದು. ವೇದಿಕೆ ಮೇಲೆ ನಿಂತವರಿಗೆ ಇದು ಎಷ್ಟು ಕಷ್ಟ ಅಂತ ಗೊತ್ತು. ಹೊಸಬ ನಿಜವಾಗಿ ತಡವರಿಸುತ್ತಾನೆ. ನೀನು ಅಭ್ಯಾಸ ಮಾಡಿ ತಡವರಿಸಬೇಕು. ಎರಡೂ ಒಂದೇ ಥರ ಕೇಳಿಸಬೇಕು.

ಅಲ್ಲಿ ಮೆನ್ಶೀಕ್ ಯಾರು, ಊರಿನವರು ಯಾರು ಅಂತ ನನಗೆ ಮೊದಲ ಸಲ ಗೊತ್ತಾಗಲೇ ಇಲ್ಲ.

ಧಾರವಾಡ ಪೇಢಾ:
ಎಲ್ಲರೂ ಗಂಭೀರ ಸಿನಿಮಾ ಹಿಡಿದು ಕೂತೀರಲ್ರೀ. 'ಹ್ಯಾಪಿ ಎಂಡ್' ನೋಡಿಲ್ವಾ ಯಾರೂ? 1967, ಓಲ್ದ್‌ರಿಖ್ ಲಿಪ್ಸ್ಕೀ ನಿರ್ದೇಶನ. ಅದರಲ್ಲಿ ಮೆನ್ಶೀಕ್ ಸಾಹೇಬರೇ ನಾಯಕ. ಕಸಾಯಿಖಾನೆಯ ಕಟುಕ, ಹೆಸರು ಬೆದ್‌ರಿಖ್ ಫ್ರೀದ್‌ರಿಖ್.

ಇಡೀ ಸಿನಿಮಾ ಹಿಂದು ಮುಂದಾಗಿ ಓಡುತ್ತದೆ. ಶುರುವಿನಲ್ಲೇ ಗಿಲೋಟಿನ್. ಕತ್ತರಿಸಿದ ತಲೆ ಹಾರಿ ಬಂದು ಮೈಗೆ ಕೂರುತ್ತದೆ. ಅದೇ ಅವನ ಹುಟ್ಟು! ಜೈಲು ಅವನ ಶಾಲೆ. ಅಲ್ಲಿಂದ ಬಿಡುಗಡೆಯಾಗಿ ಮನೆಗೆ ಬಂದರೆ ಹೆಂಡತಿ ತುಂಡು ತುಂಡಾಗಿ ಇದ್ದಾಳೆ. ಒಂದೊಂದೇ ಜೋಡಿಸಿ ಅವಳನ್ನು ಮನುಷ್ಯಳನ್ನಾಗಿ ಮಾಡುತ್ತಾನೆ. ಅವಳ ಪ್ರಿಯಕರ ಕೆಳಗಿಂದ ಮೇಲಕ್ಕೆ ಹಾರಿ ಕಿಟಕಿಯಿಂದ ಒಳಗೆ ಬರುತ್ತಾನೆ. ತಿನ್ನುವಾಗ ತಿಂಡಿ ಬಾಯಿಂದ ಪೂರ್ತಿಯಾಗಿ ಹೊರಗೆ ಬಂದು ತಟ್ಟೆಗೆ ಹೋಗಿ ಕೂರುತ್ತದೆ. ಕೊನೆಗೆ ಅವನು ಕೂಸಾಗುತ್ತಾನೆ.

ಕಥೆ ಹೇಳುವ ದನಿ ಮೆನ್ಶೀಕ್ ಅವರದೇ. ಚಿತ್ರ ಹಿಂದಕ್ಕೆ ಹೋದರೂ ದನಿ ಮುಂದಕ್ಕೆ ಹೋಗುತ್ತದೆ. 'ಆಮೇಲೆ ನನ್ನ ಜೀವನದಲ್ಲಿ ಒಳ್ಳೆ ಕಾಲ ಬಂತು' ಅನ್ನುವ ಧಾಟಿಯಲ್ಲಿ, ಪೂರ್ತಿ ನಂಬಿಕೆಯಿಂದ. ಒಂದು ಕಡೆಯೂ ಕಣ್ಣು ಮಿಟುಕಿಸಿ 'ಇದು ತಮಾಷೆ' ಅಂತ ಹೇಳುವುದಿಲ್ಲ. ಅದಕ್ಕೇ ಹೊಟ್ಟೆ ಹಿಡಿದುಕೊಂಡು ನಗಬೇಕು. ಒಂದು ಗಂಟೆ ಹತ್ತು ನಿಮಿಷ ಅಷ್ಟೇ, ಇವತ್ತೇ ನೋಡಿ.

ಸಂಜೆಯಾಟ:
ಕೇಳಿದರೇನೇ ತಲೆ ತಿರುಗುತ್ತಿದೆ. ಮಾತುಗಳೂ ಹಿಂದು ಮುಂದಾ?

ಧಾರವಾಡ ಪೇಢಾ:
ಮಾತು ನೇರ ಕೇಳಿಸುತ್ತದೆ. ಆದರೆ ಸಾಲುಗಳ ಕ್ರಮ ತಲೆಕೆಳಗು. ಮೊದಲು ಉತ್ತರ, ಆಮೇಲೆ ಪ್ರಶ್ನೆ. ಹಾಗೆ ಜೋಡಿಸಿದಾಗ ಅದಕ್ಕೆ ಬೇರೆಯೇ ಅರ್ಥ ಬರುತ್ತದೆ. ಬರೆದವರು ಮಿಲೋಶ್ ಮಾತ್ಸೌರೆಕ್.

ಓಸ್ಲೋ ವಾಸಿ:
ನಾರ್ವೆಯಿಂದ ಒಂದು ಮಾತು. ಆ ಸಿಂಡರೆಲ್ಲಾ ಸಿನಿಮಾ ಇಲ್ಲಿ ಪ್ರತಿ ಡಿಸೆಂಬರ್ 24ಕ್ಕೆ ಸರ್ಕಾರಿ ಟೀವಿಯಲ್ಲಿ ಬರುತ್ತದೆ. ಅದೂ ಹೇಗೆ? ಕ್ನುಟ್ ರಿಸಾನ್ ಅನ್ನುವ ಒಬ್ಬರೇ ಗಂಡಸಿನ ದನಿ ಎಲ್ಲ ಪಾತ್ರಕ್ಕೂ. ಸಿಂಡರೆಲ್ಲಾಗೂ ಅವರೇ, ಮಲತಾಯಿಗೂ ಅವರೇ, ವಿಂತ್ಸೆಕ್‌ಗೂ ಅವರೇ! ಮೊದಲ ವರ್ಷ ನೋಡಿದಾಗ ಟೀವಿ ಕೆಟ್ಟಿದೆ ಅಂದುಕೊಂಡೆ. ಈಗ ನನ್ನ ಮಕ್ಕಳಿಗೆ ಆ ದನಿ ಇಲ್ಲದೆ ಹಬ್ಬವೇ ಅಲ್ಲ. 2021ರಲ್ಲಿ ನಾರ್ವೆಯವರೇ ಈ ಕಥೆಯನ್ನು ಮತ್ತೆ ಸಿನಿಮಾ ಮಾಡಿದರು.

ಜರ್ಮನಿಯಲ್ಲೂ ಹಾಗೇ, ಕ್ರಿಸ್‌ಮಸ್ ಹೊತ್ತಿಗೆ ಎಷ್ಟೋ ಸಲ ಹಾಕುತ್ತಾರೆ. ಪೂರ್ವ ಜರ್ಮನಿಯ ಡೆಫಾ ಸ್ಟುಡಿಯೋ ಜೊತೆ ಸೇರಿ ತೆಗೆದ ಸಿನಿಮಾ ಅಲ್ವಾ. ಅರಮನೆಯ ಹೊರಾಂಗಣ ಡ್ರೆಸ್ಡೆನ್ ಹತ್ತಿರದ ಮೋರಿತ್ಸ್‌ಬುರ್ಗ್.

ಬ್ರನೋ ಕನ್ನಡತಿ:
ಹೌದು ಓಸ್ಲೋದವರೇ. ಮೊದಲು ಬೇಸಿಗೆ ಕಥೆ ಆಗಬೇಕಿತ್ತಂತೆ. ಚಳಿಗಾಲದಲ್ಲಿ ಡೆಫಾದವರ ಕೈ ಖಾಲಿ ಇತ್ತು, ಹಾಗಾಗಿ ಹಿಮದ ಕಥೆ ಆಯಿತು. ಹಿಮ ಸಾಲದೆ ಬಂದಾಗ ಮೀನಿನ ಪುಡಿ ಚೆಲ್ಲಿ ಹಿಮ ಮಾಡಿದರು. ವಾಸನೆಯಲ್ಲಿ ನಿಂತು ನಟಿಸಿದ್ದಾರೆ ಪಾಪ.

ಒಂದೇ ಮಾತು:
ಮೀನಿನ ಪುಡಿನಾ! ಇನ್ನು ಆ ಹಿಮ ನೋಡಿದಾಗೆಲ್ಲ ಮೂಗು ಮುಚ್ಚಿಕೊಳ್ಳಬೇಕು.

ನೇರನುಡಿ:
ಎಲ್ಲರೂ ಹೊಗಳುತ್ತಿದ್ದೀರಿ. ನಾನು ಒಂದು ಬೇರೆ ಮಾತು ಹೇಳಬೇಕು.

1968ರ ಆಗಸ್ಟ್‌ನಲ್ಲಿ, ಜೆಕೊಸ್ಲೊವಾಕಿಯಾದ ಸುಧಾರಣೆಗಳನ್ನು ತಡೆಯಲು ಸೋವಿಯತ್ ಟ್ಯಾಂಕುಗಳು ಬಂದವು. ಆಮೇಲೆ ಇಪ್ಪತ್ತು ವರ್ಷ ಆ ದೇಶದಲ್ಲಿ ಏನಾಯಿತು ಅಂತ ಗೊತ್ತಲ್ವಾ. ಹೆಣ ಸುಡುವವನ ಸಿನಿಮಾದಲ್ಲಿ ಹೆಂಡತಿಯಾಗಿದ್ದ ವ್ಲಾಸ್ತಾ ಖ್ರಾಮೋಸ್ತೋವಾ ಅವರಿಗೆ ಕೆಲಸ ತಪ್ಪಿತು. ಅವರು ಮಾನವ ಹಕ್ಕು ಕೇಳಿದ ಚಾರ್ಟರ್ 77 ಅನ್ನುವ ಪತ್ರಕ್ಕೆ ಸಹಿ ಹಾಕಿದರು, ತಮ್ಮ ಮನೆಯ ಕೋಣೆಯಲ್ಲೇ ನಾಟಕ ಆಡಿದರು. ಪಾವೆಲ್ ಲಾಂದೋವ್ಸ್ಕೀ ಕೂಡ ಪೋಷಕ ನಟರೇ. ಅವರೂ ಸಹಿ ಹಾಕಿ, ಕೊನೆಗೆ ದೇಶ ಬಿಟ್ಟು ವಿಯೆನ್ನಾಗೆ ಹೋಗಬೇಕಾಯಿತು. ಹ್ರುಶೀನ್ಸ್ಕೀ ಸುಧಾರಣೆ ಬೇಕೆಂದ 1968ರ 'ಎರಡು ಸಾವಿರ ಪದ' ಪ್ರಕಟಣೆಗೆ ಹಾಕಿದ ಸಹಿ ವಾಪಸ್ ತೆಗೆದುಕೊಳ್ಳಲಿಲ್ಲ. ಕೆಲವು ವರ್ಷ ಸಿನಿಮಾ, ಟೀವಿ ಎರಡರಿಂದಲೂ ದೂರ ಇಟ್ಟರು.

ಅದೇ ಹೊತ್ತಲ್ಲಿ ಮೆನ್ಶೀಕ್ ಏನು ಮಾಡುತ್ತಿದ್ದರು? ಡಿಸೆಂಬರ್ 31ರ ರಾತ್ರಿ ಸರ್ಕಾರಿ ಟೀವಿಯಲ್ಲಿ ನಿಂತು ದೇಶವನ್ನು ನಗಿಸುತ್ತಿದ್ದರು. ಜನ ನಗುತ್ತಾ ಇರಲಿ, ಪ್ರಶ್ನೆ ಕೇಳದೇ ಇರಲಿ ಅನ್ನುವುದು ಆ ಸರ್ಕಾರಕ್ಕೂ ಬೇಕಿತ್ತು. ದೊಡ್ಡ ನಟ ಅಂತ ಒಪ್ಪುತ್ತೇನೆ. ಆದರೆ ಇದನ್ನು ಬಿಟ್ಟು ಬರೆದರೆ ಅರ್ಧ ಕಥೆ.

ಹಳೇ ಪರದೆ:
ನೇರನುಡಿ ಅವರೇ, ನೀವು ಹೇಳಿದ ಘಟನೆಗಳೆಲ್ಲ ನಿಜ. ತೀರ್ಮಾನ ಒಪ್ಪಲ್ಲ. ಸಹಿ ಹಾಕಿದವರು ದೊಡ್ಡವರು, ಎರಡು ಮಾತಿಲ್ಲ. ಆದರೆ ಹಾಕದೇ ಉಳಿದ ಪ್ರತಿಯೊಬ್ಬರೂ ಸರ್ಕಾರದ ಕೈಗೊಂಬೆ ಅನ್ನುವುದು ತಪ್ಪು.

ಆ ಸಿಂಡರೆಲ್ಲಾ ಸಿನಿಮಾವನ್ನೇ ತೆಗೆದುಕೊಳ್ಳಿ. ಅದನ್ನು ಬರೆದವರು ಫ್ರಾಂತಿಶೆಕ್ ಪಾವ್ಲೀಚೆಕ್. ಆಗ ಅವರ ಹೆಸರು ಪರದೆ ಮೇಲೆ ಬರುವ ಹಾಗಿರಲಿಲ್ಲ. ಬೋಹುಮಿಲಾ ಜೆಲೆಂಕೋವಾ ತಮ್ಮ ಹೆಸರು ಕೊಟ್ಟರು. ಇಡೀ ದೇಶ ಹಬ್ಬಕ್ಕೆ ನೋಡುವ ಸಿನಿಮಾ, ಬರೆದವನ ಹೆಸರೇ ಮುಚ್ಚಿಟ್ಟ ಸಿನಿಮಾ. ಅಲ್ಲಿ ಕಪ್ಪು ಒಂದು ಕಡೆ, ಬಿಳಿ ಒಂದು ಕಡೆ ಅಂತ ಇರಲಿಲ್ಲ.

ಇನ್ನೊಂದು. ವೊಯ್ತೆಖ್ ಯಾಸ್ನೀ ಅವರ 'ಎಲ್ಲ ಒಳ್ಳೆಯ ಊರವರು' ಅಂತ ಸಿನಿಮಾ ಇದೆ, 1968ರದು. 1945ರಿಂದ ಆಚೆಗೆ ಮೊರಾವಿಯಾದ ಒಂದು ಹಳ್ಳಿ ಹೇಗೆ ಒಡೆಯಿತು, ಜಮೀನನ್ನು ಸರ್ಕಾರದ ಸಂಘಕ್ಕೆ ಹೇಗೆ ಕಿತ್ತುಕೊಂಡರು ಅನ್ನುವ ಕಥೆ. ಮೆನ್ಶೀಕ್ ಅದರಲ್ಲಿ ಊರಿನ ಸಣ್ಣ ಕಳ್ಳ. ಯಾಸ್ನೀ 1969ರಲ್ಲಿ ಕಾನ್ ಉತ್ಸವದಲ್ಲಿ ಉತ್ತಮ ನಿರ್ದೇಶಕ ಪ್ರಶಸ್ತಿ ಪಡೆದರು. ಸ್ವಂತ ದೇಶದಲ್ಲಿ ಸಿನಿಮಾಕ್ಕೆ ನಿಷೇಧ. ಯಾಸ್ನೀ ದೇಶ ಬಿಟ್ಟರು. ಮೆನ್ಶೀಕ್ ಅವರ ಅತ್ಯಂತ ಒಳ್ಳೆಯ ಕೆಲಸಗಳಲ್ಲಿ ಒಂದು 1989ರವರೆಗೆ ಬೀಗದೊಳಗೆ ಇತ್ತು. ಮೆನ್ಶೀಕ್ ತೀರಿಕೊಂಡದ್ದು 1988ರಲ್ಲಿ. ಆ ಸಿನಿಮಾ ಮತ್ತೆ ಊರ ಥಿಯೇಟರಿಗೆ ಬಂದದ್ದನ್ನು ನೋಡಲೇ ಇಲ್ಲ ಅವರು. ಇದನ್ನೂ ಲೆಕ್ಕಕ್ಕೆ ಹಿಡಿಯಿರಿ.

ನೇರನುಡಿ:
ಪಾವ್ಲೀಚೆಕ್ ವಿಷಯ ಗೊತ್ತಿರಲಿಲ್ಲ. ಕೈಗೊಂಬೆ ಅಂತ ನಾನು ಬರೆದಿಲ್ಲ ಸರ್, ಮತ್ತೊಮ್ಮೆ ಓದಿ. ಬೆಲೆ ತೆತ್ತವರನ್ನೂ ಜೊತೆಯಲ್ಲೇ ನೆನೆಯಬೇಕು ಅಂದೆ. ಅದರಲ್ಲಿ ಈಗಲೂ ನಿಲ್ಲುತ್ತೇನೆ.

ಬ್ರನೋ ಕನ್ನಡತಿ:
ಇದರ ಬಗ್ಗೆ ನಾನು ಕಂಡದ್ದು ಹೇಳುತ್ತೇನೆ. ನಮ್ಮ ಕೆಳಗಿನ ಮನೆಯಲ್ಲಿ ಎಂಬತ್ತು ದಾಟಿದ ಅಜ್ಜಿ ಇದ್ದಾರೆ. ಡಿಸೆಂಬರ್ 31ಕ್ಕೆ ನನ್ನನ್ನು ಕರೆದು ಆಲೂಗಡ್ಡೆ ಸಲಾಡ್ ಕೊಡುತ್ತಾರೆ. ಟೀವಿಯಲ್ಲಿ ಹಳೆಯ ಮೆನ್ಶೀಕ್ ತುಣುಕುಗಳು ಬರುತ್ತವೆ. ಕೈಯಲ್ಲಿ ಕಾಗದ ಇಲ್ಲ, ಸುಮ್ನೆ ನಿಂತು ಕಥೆ ಹೇಳುತ್ತಾರೆ. ನಡುವೆ ತಮಗೇ ನಗು ತಡೆಯಕ್ಕಾಗದೆ ಕಣ್ಣೀರು ಒರೆಸಿಕೊಳ್ಳುತ್ತಾರೆ. ಉಸಿರು ಎಳೆದುಕೊಳ್ಳುವ ಸದ್ದು ಕೇಳಿಸುತ್ತದೆ.

ಅಜ್ಜಿಯ ಗಂಡನಿಗೆ ಆ ಕಾಲದಲ್ಲಿ ಕೆಲಸ ಹೋಗಿತ್ತು. ನಾನು ಕೇಳಿದೆ, ಇಂಥ ಕಾರ್ಯಕ್ರಮ ನೋಡಕ್ಕೆ ಆಗ ಸಿಟ್ಟು ಬರುತ್ತಿರಲಿಲ್ವಾ ಅಂತ. ಅಜ್ಜಿ ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, ಆ ಮನೆಯಲ್ಲಿ ವರ್ಷಕ್ಕೆ ಒಂದು ಸಲ ನನ್ನ ಗಂಡ ಜೋರಾಗಿ ನಕ್ಕದ್ದು ಅವತ್ತೇ ಅಂದರು. ನಾನು ಮತ್ತೆ ಏನೂ ಕೇಳಲಿಲ್ಲ.

ನೇರನುಡಿ:
ಇದಕ್ಕೆ ನಾನು ಏನೂ ಹೇಳಲಾರೆ ಅಕ್ಕ. ಬರೆದದ್ದು ಒಳ್ಳೆಯದಾಯಿತು.

ಮಲ್ನಾಡ್ ಮಳೆ:
ಓದುತ್ತಾ ಓದುತ್ತಾ ನಮ್ಮ ಬಾಲಕೃಷ್ಣ ನೆನಪಾದರು. ಅವರೂ ಖಳನಾಗಿ ಸೈ, ನಗಿಸುವುದಕ್ಕೂ ಸೈ. ಮೆನ್ಶೀಕ್ ಅಂದರೆ ಜೆಕ್ ಬಾಲಣ್ಣ ಅನ್ನಬಹುದಾ?

ರಂಗದ ಹಿಂದೆ:
ಪ್ರೀತಿಯಿಂದ ಹೇಳಿದ್ದೀರಿ, ಆದರೆ ಬೇಡ. ಬಾಲಣ್ಣ ಬಾಲಣ್ಣನೇ, ಮೆನ್ಶೀಕ್ ಮೆನ್ಶೀಕ್. ಒಬ್ಬರನ್ನು ಇನ್ನೊಬ್ಬರ ನೆರಳು ಮಾಡಿದರೆ ಇಬ್ಬರಿಗೂ ಅನ್ಯಾಯ.

ಆದರೆ ನಮ್ಮ ಭಾಷೆಯಲ್ಲಿ ಒಂದು ಒಳ್ಳೆಯ ಮಾತಿದೆ, 'ಪೋಷಕ ನಟ'. ಪೋಷಿಸುವುದು ಅಂದರೆ ಸಾಕುವುದು. ನಾಯಕನ ಪಕ್ಕ ನಿಂತುಕೊಳ್ಳುವವನು ಅಂತಲ್ಲ, ಕಥೆಗೆ ಊಟ ಹಾಕುವವನು ಅಂತ. ಮೆನ್ಶೀಕ್‌ಗೆ ಈ ಮಾತು ಸರಿಯಾಗಿ ಹೊಂದುತ್ತದೆ.

'ಮಾರ್ಕೇತಾ'ದಲ್ಲಿ ನೋಡಿ. ಎಂಥ ಕತ್ತಲಿನ ಸಿನಿಮಾ ಅದು. ತೋಳ, ಹಿಮ, ರಕ್ತ, ದರೋಡೆಕೋರರ ಮನೆತನಗಳ ಹಗೆ. ಎರಡೂವರೆ ಗಂಟೆಗೂ ಹೆಚ್ಚು. ನಡುವೆ ಈ ಸನ್ಯಾಸಿ ಬರ್ನಾರ್ಡ್ ಕುರಿ ಜೊತೆ ಮಾತಾಡುತ್ತಾ, ದೇವರ ಜೊತೆ ವಾದ ಮಾಡುತ್ತಾ ಬರುತ್ತಾನೆ. ಅವನು ಬಂದಾಗ ನಾವು ಸ್ವಲ್ಪ ಉಸಿರು ಬಿಡುತ್ತೇವೆ. ಆಮೇಲೆ ಅವನ ಕುರಿಯನ್ನೂ ಬಿಡುವುದಿಲ್ಲ ಆ ಜನ. ಆಗ ಅವನ ಮುಖದಲ್ಲಿ ನಗಿಸುವವನು ಎಲ್ಲೋ ಹೋಗಿಬಿಡುತ್ತಾನೆ. ಅಷ್ಟೊಂದು ಹೆಣ ಬಿದ್ದ ಸಿನಿಮಾದಲ್ಲಿ ನನಗೆ ಗಂಟಲು ಕಟ್ಟಿದ್ದು ಒಂದು ಕುರಿಗೆ. ನಟ ಅಂದರೆ ಅದು.

ಧಾರವಾಡ ಪೇಢಾ:
ಆ ಸಿನಿಮಾಕ್ಕೆ ನಟರನ್ನು ತಿಂಗಳುಗಟ್ಟಲೆ ಕಾಡಲ್ಲೇ ಇರಿಸಿದ್ದರಂತಲ್ರೀ ನಿರ್ದೇಶಕ ವ್ಲಾಚಿಲ್. ಬಟ್ಟೆ, ಆಯುಧ ಎಲ್ಲ ಆ ಕಾಲದ ಹಾಗೇ ಮಾಡಿಸಿದರಂತೆ.

ಹಳೇ ಪರದೆ:
ಹೌದು. ಫ್ರಾಂತಿಶೆಕ್ ವ್ಲಾಚಿಲ್ ವರ್ಷಗಟ್ಟಲೆ ಅದೇ ಒಂದು ಕೆಲಸ ಮಾಡಿದರು. ಮೂಲ ವ್ಲಾದಿಸ್ಲಾವ್ ವಾಂಚುರಾ ಅವರ 1931ರ ಕಾದಂಬರಿ. 1998ರಲ್ಲಿ ಜೆಕ್ ವಿಮರ್ಶಕರು ಎಲ್ಲ ಕಾಲದ ಅತ್ಯುತ್ತಮ ಜೆಕ್ ಸಿನಿಮಾ ಅಂತ ಇದನ್ನೇ ಆರಿಸಿದರು. 2011ರಲ್ಲಿ ರಿಪೇರಿ ಮಾಡಿದ ಪ್ರತಿಯನ್ನು ಕಾರ್ಲೋವಿ ವಾರಿ ಉತ್ಸವದಲ್ಲಿ ತೋರಿಸಿದರು. ಕ್ರೈಟೀರಿಯನ್ ಕಂಪನಿಯ ಡಿಸ್ಕ್ ಕೂಡ ಇದೆ. ಹಳೆಯ ಮಸುಕು ಪ್ರತಿ ನೋಡಬೇಡಿ, ದಯವಿಟ್ಟು. ಹಿಮದ ಬಿಳುಪೇ ಅದರ ಅರ್ಧ ಜೀವ.

ಒಂದೇ ಮಾತು:
ಬ್ರೋಡ್ಸ್ಕೀ ಬಗ್ಗೆ ಯಾರೂ ಬರೆಯಲ್ವಾ?

ಹಳೇ ಪರದೆ:
ಅವರಿಗೆ ಬೇರೆ ಎಳೆಯೇ ಬೇಕು. 'ಎಲ್ಲ ಒಳ್ಳೆಯ ಊರವರು' ಸಿನಿಮಾದಲ್ಲಿ ಚರ್ಚ್‌ನ ಆರ್ಗನ್ ನುಡಿಸುವ ಓಚೆನಾಶ್. ಪೂರ್ವ ಜರ್ಮನಿಯ 'ಸುಳ್ಳುಗಾರ ಯಾಕೋಬ್' ಸಿನಿಮಾಕ್ಕೆ 1975ರಲ್ಲಿ ಬರ್ಲಿನ್ ಉತ್ಸವದಲ್ಲಿ ಬೆಳ್ಳಿ ಕರಡಿ ಪ್ರಶಸ್ತಿ. ಮೆನ್ಶೀಕ್, ಸೋವಾಕ್, ಬ್ರೋಡ್ಸ್ಕೀ ಮೂವರನ್ನೂ ಒಟ್ಟಿಗೆ ನೋಡಬೇಕಾದರೆ 'ನಾಳೆ ಎದ್ದು ಚಹಾದಲ್ಲಿ ಕೈ ಸುಟ್ಟುಕೊಳ್ಳುತ್ತೇನೆ' ಅನ್ನುವ 1977ರ ಸಿನಿಮಾ. ಕಾಲಯಂತ್ರ ಹತ್ತಿ ಹಿಟ್ಲರ್‌ಗೆ ಬಾಂಬ್ ಕೊಡಲು ಹೊರಟ ಮುದಿ ನಾ‌ಜಿಗಳ ಕಥೆ.

ಸಂಜೆಯಾಟ:
ಎಲ್ಲರಿಗೂ ಥ್ಯಾಂಕ್ಸ್. ಇಷ್ಟು ಸಿಗುತ್ತೆ ಅಂದುಕೊಂಡಿರಲಿಲ್ಲ. ಮಗಳಿಗೆ ಎಂಟು ವರ್ಷ. ಅವಳಿಗೆ ತೋರಿಸುವಂಥದ್ದು ಯಾವುದು ಹೇಳಿ.

ಬ್ರನೋ ಕನ್ನಡತಿ:
'ಅರಬೆಲಾ' ತೋರಿಸಿ! ಟೀವಿ ಧಾರಾವಾಹಿ, 13 ಕಂತು. ಸಿಂಡರೆಲ್ಲಾ ತೆಗೆದ ವಾತ್ಸ್ಲಾವ್ ವೊರ್ಲೀಚೆಕ್ ಅವರದೇ. ಮೆನ್ಶೀಕ್ ಅದರಲ್ಲಿ ಮಾಯೆರ್ ಅಂತ ಟೀವಿಯಲ್ಲಿ ಮಕ್ಕಳಿಗೆ ಕಥೆ ಹೇಳುವವರು. ಅವರಿಗೆ ಒಂದು ಕೈಗಂಟೆ ಸಿಗುತ್ತದೆ. ಅಲ್ಲಾಡಿಸಿದರೆ ರುಂಬುರಾಕ್ ಅನ್ನುವ ಮಾಂತ್ರಿಕ ಬಂದು ನಿಲ್ಲುತ್ತಾನೆ, ಕಥೆಗಳ ಲೋಕಕ್ಕೇ ಕರೆದುಕೊಂಡು ಹೋಗುತ್ತಾನೆ. ಅಲ್ಲಿ ಹೋಗಿ ಈ ಪುಣ್ಯಾತ್ಮ ಕಥೆಯ ತೋಳಕ್ಕೇ ಗುಂಡು ಹೊಡೆದುಬಿಡುತ್ತಾರೆ. ಕೆಂಪು ಟೋಪಿಯ ಹುಡುಗಿಯ ಕಥೆಯೇ ಕೆಟ್ಟುಹೋಗುತ್ತದೆ.

ಇನ್ನೂ ಒಂದು, ಯಾಸ್ನೀ ಅವರ 'ಬೆಕ್ಕು ಬಂದಾಗ', 1963. ಕನ್ನಡಕ ಹಾಕಿದ ಬೆಕ್ಕು. ಕನ್ನಡಕ ತೆಗೆದರೆ ಜನ ತಮ್ಮ ನಿಜವಾದ ಬಣ್ಣಕ್ಕೆ ತಿರುಗುತ್ತಾರೆ. ಪ್ರೀತಿಸುವವರು ಕೆಂಪು, ಕಳ್ಳರು ಬೂದಿ. ಮೆನ್ಶೀಕ್ ಅದರಲ್ಲಿ ಶಾಲೆಯ ಜವಾನ.

ಸಂಜೆಯಾಟ:
ಶನಿವಾರ ಅರಬೆಲಾ ಮೊದಲ ಎರಡು ಕಂತು ನೋಡಿದೆವು. ಇಂಗ್ಲಿಷ್ ಸಬ್‌ಟೈಟಲ್ ಓದಿ ಓದಿ ಅವಳಿಗೆ ಕನ್ನಡದಲ್ಲಿ ಹೇಳಿದೆ, ಗಂಟಲು ಒಣಗಿತು. ಮೆನ್ಶೀಕ್ ಪರದೆಗೆ ಬಂದ ತಕ್ಷಣ ಅವಳು ಎದ್ದು ನಿಂತು 'ಅಪ್ಪಾ, ಕಾಯಿ ಮಾಮ!' ಅಂದಳು. ಕೋಟು ಬೇರೆ, ಕೂದಲು ಬೇರೆ, ಆದರೂ ಅವಳಿಗೆ ಒಂದು ಕ್ಷಣ ಸಾಕಾಯಿತು. ನನಗೆ ಮೂರು ಸಿನಿಮಾ ಬೇಕಾಗಿತ್ತು.

ಬ್ರನೋ ಕನ್ನಡತಿ:
'ಕಾಯಿ ಮಾಮ'! ಅಜ್ಜಿಗೆ ಇದನ್ನು ಜೆಕ್‌ನಲ್ಲಿ ಹೇಳಿಯೇ ಹೇಳುತ್ತೇನೆ. ಮುಂದಿನ ಭಾನುವಾರ ಇವಾಂಚಿತ್ಸೆಗೆ ಹೋಗುವ ಯೋಚನೆ ಇದೆ. ಅಲ್ಲಿ ಮೆನ್ಶೀಕ್ ಅವರ ನೆನಪಿನ ವಸ್ತುಗಳನ್ನು ಇಟ್ಟಿದ್ದಾರೆ. ಮಗಳಿಗೆ ಫೋಟೋ ಕಳಿಸುತ್ತೇನೆ.

ಸಂಜೆಯಾಟ:
ದಯವಿಟ್ಟು ಕಳಿಸಿ ಅಕ್ಕ. ಪೇಢಾ ಅವರೇ, 'ಹ್ಯಾಪಿ ಎಂಡ್' ಅವಳ ಜೊತೆ ನೋಡಬಹುದಾ?

ಧಾರವಾಡ ಪೇಢಾ:
ಅಯ್ಯೋ ಬ್ಯಾಡ್ರೀ! ತಲೆ ಹಾರುತ್ತೆ ಅಂದಿದ್ದೆನಲ್ಲ. ಅವಳು ಮಲಗಿದ ಮೇಲೆ ನೋಡಿ, ನೋಡಿ ಬಂದು ಇಲ್ಲಿ ಬರೀರಿ.